ಆ ಪಟ್ಟಿ ನಂಬಬೇಡ ಶೈಲಾ

ಶೈಲಾ, ನಾನಮ್ಮ ದೊಡ್ಡಪ್ಪ. ನಿನ್ನ ಮೆಸೇಜು ಈಗ ನೋಡಿದೆ. "ಜಮ್ಮುವಿನಲ್ಲಿ ಮಿಲಿಟರಿ ಕ್ವಾರ್ಟರ್ಸ್‌ಗೇ ನುಗ್ಗಿದ್ದಾರಂತೆ, ನಂದಿನಿ ಫೋನು ನಿನ್ನೆಯಿಂದ ಸ್ವಿಚ್ ಆಫ್, ಅಳಿಯಂದಿರೂ ಎತ್ತುತ್ತಿಲ್ಲ, ಏನು ಮಾಡಲಿ" ಅಂತ ಕೇಳಿದ್ದೀಯ. ಅದರ ಕೆಳಗೆ ನಮ್ಮ ಹುಡುಗರು ಯಾರೋ ತೀರಿಕೊಂಡವರ ಪಟ್ಟಿ ಅಂತ ಬೇರೆ ಹಾಕಿದ್ದಾರೆ. ಮೊದಲು ಅದನ್ನು ತೆಗೀರಪ್ಪಾ. ಯಾರು ಹಾಕಿದ್ದು ಅಂತ ನಾನು ಕೇಳುವುದಿಲ್ಲ. ಸುಮ್ನೆ ತೆಗೀರಿ.

ಟೀವಿ ನಾನೂ ನೋಡ್ತಾ ಇದ್ದೇನೆ. ನಿನ್ನೆ, 2018ರ ಫೆಬ್ರುವರಿ 10, ಶನಿವಾರ ಬೆಳಗಿನ ಜಾವ ಜಮ್ಮುವಿನ ಸುಂಜುವಾನ್ ಮಿಲಿಟರಿ ಕ್ಯಾಂಪಿಗೆ ಉಗ್ರರು ನುಗ್ಗಿದ್ದಾರೆ. ಹೆಂಗಸರು, ಮಕ್ಕಳು ಇರುವ ಕಡೆಗೇ. ಗುಂಡು ತಗುಲಿದ ಬಸುರಿ ಹೆಂಗಸೊಬ್ಬಳಿಗೆ ಮಿಲಿಟರಿ ಆಸ್ಪತ್ರೆಯಲ್ಲಿ ಹೆಣ್ಣುಮಗು ಆಯಿತಂತೆ, ತಾಯಿ ಮಗು ಇಬ್ಬರೂ ಉಳಿದಿದ್ದಾರಂತೆ. 2002ರಲ್ಲಿ ಅಲ್ಲೇ ಹತ್ತಿರದ ಕಾಲೂಚಕ್‌ನಲ್ಲೂ ಹೀಗೆಯೇ ಸೈನಿಕರ ಹೆಂಡತಿ ಮಕ್ಕಳ ಮೇಲೆ ಕೈ ಮಾಡಿದ್ದರು. ಹಾಗಾಗಿ ನೀನು ಹೆದರಿದ್ದು ತಪ್ಪಲ್ಲ. ಹೆತ್ತ ಹೊಟ್ಟೆ ಅಲ್ವಾ.

ಆದರೆ ಪಟ್ಟಿ ನಂಬಬೇಡ. ಭರಮಸಾಗರದ ನಿಮ್ಮ ಅತ್ತೆಗೆ ಏನಾಯಿತು ಅಂತ ನಿಮಗೆಲ್ಲ ಗೊತ್ತು. ಅರ್ಧ ಮಾತ್ರ ಗೊತ್ತು. ಇನ್ನರ್ಧ ನಾನು ಯಾರಿಗೂ ಹೇಳಿಲ್ಲ.

2016, ಸೆಪ್ಟೆಂಬರ್ 18, ಭಾನುವಾರ. ಪಿತೃಪಕ್ಷ ಆಗ ತಾನೇ ಶುರುವಾಗಿತ್ತು. ಬೆಳಗ್ಗೆ ವಾಕಿಂಗ್ ಮುಗಿಸಿ ಬಂದು ಟೀವಿ ಹಾಕಿದರೆ ಕಾಶ್ಮೀರದ ಉರಿ ಅನ್ನೋ ಊರಿನ ಮಿಲಿಟರಿ ಕ್ಯಾಂಪಿನ ಮೇಲೆ ದಾಳಿ ಅಂತ ಬರ್ತಿದೆ. ಡೇರೆಗಳಿಗೆ ಬೆಂಕಿ ಬಿದ್ದಿದೆ, ಮಲಗಿದ್ದವರು ಮಲಗಿದ್ದಲ್ಲೇ ಹೋಗಿದ್ದಾರೆ. ನಿಮ್ಮ ಅತ್ತೆಯ, ಅಂದರೆ ನನ್ನ ತಂಗಿಯ ಮಗ ಮಂಜ ಆಗ ಸಾಪರ್ಸ್‌ನಲ್ಲಿ, ಅಂದರೆ ಮಿಲಿಟರಿಯ ಎಂಜಿನಿಯರ್ ಪಡೆಯಲ್ಲಿ, ಅಲ್ಲೇ ಮೇಲೆ ಎಲ್ಲೋ ಇದ್ದ. ನಮಗೆಲ್ಲ "ಕಾಶ್ಮೀರ" ಅಂದರೆ ಒಂದೇ ಊರು. ಮಧ್ಯಾಹ್ನ ವಾಕಿಂಗ್ ಗೆಳೆಯರೊಬ್ಬರು ಒಂದು ಪಟ್ಟಿ ಕಳಿಸಿದರು. ಅದರಲ್ಲಿ "ಮಂಜುನಾಥ, ಕರ್ನಾಟಕ" ಅಂತ ಇತ್ತು. ತಂದೆ ಹೆಸರಿಲ್ಲ, ಊರಿಲ್ಲ, ನಂಬರಿಲ್ಲ. ನಮ್ಮ ಕಡೆ ಮಂಜುನಾಥ ಅನ್ನುವವರು ಓಣಿಗೆ ನಾಲ್ಕು ಜನ ಸಿಗ್ತಾರೆ. ಅಷ್ಟು ಯೋಚನೆ ನನಗೆ ಬರಲಿಲ್ಲ. ತಂಗಿಗೆ ಫೋನು ಮಾಡಿದವನು ನಾನೇ ಶೈಲಾ. "ಧೈರ್ಯ ತಗೋ ಪುಟ್ಟಿ" ಅಂದೆ. ಅಷ್ಟೇ ಅಂದಿದ್ದು. ಅಷ್ಟು ಸಾಕಾಯಿತು ಅವಳಿಗೆ.

ನಾನು ಬಸ್ಸು ಹಿಡಿದು ಹೋಗುವಷ್ಟರಲ್ಲಿ ಮನೆ ಮುಂದೆ ಜನ ಸೇರಿಬಿಟ್ಟಿದ್ದರು. ಒಲೆ ಹೊತ್ತಿಸಿರಲಿಲ್ಲ. ಸಂಜೆ ಹೊತ್ತಿಗೆ ಊರ ಹುಡುಗರು ಮಂಜನ ಫೋಟೋ ಹಾಕಿ "ವೀರಯೋಧನಿಗೆ ನಮನ" ಅಂತ ಫ್ಲೆಕ್ಸ್ ಕಟ್ಟಿದರು. ಎರಡು ರಾತ್ರಿ ಅವಳು ನೀರು ಬಿಟ್ಟು ಏನೂ ಮುಟ್ಟಲಿಲ್ಲ. ಟೀವಿಯಲ್ಲಿ ಲೆಕ್ಕ ಮಾತ್ರ ಏರ್ತಾ ಇತ್ತು. ಮೊದಲ ದಿನ 17, ಮರುದಿನ 18, ಕೊನೆಗೆ 19. ಅವರಲ್ಲಿ ಹೆಚ್ಚಿನವರು ಬಿಹಾರ ರೆಜಿಮೆಂಟಿನವರು. ಅದನ್ನೂ ಅಲ್ಲಿ ಕೂತು ಕೇಳಿಸಿಕೊಂಡೆವು, ತಲೆಗೆ ಹೋಗಲಿಲ್ಲ.

ಮಂಗಳವಾರ ಬೆಳಗ್ಗೆ ಮಂಜನ ಫೋನು ಬಂತು. ಲೇಹ್‌ನಿಂದ. "ಅವ್ವಾ, ಪಕ್ಷಕ್ಕೆ ಹೋಳಿಗೆ ಮಾಡಿದ್ಯಾ" ಅಂತ ಕೇಳಿದನಂತೆ. ಸಿಗ್ನಲ್ ಇಲ್ಲದ ಕಡೆ ಕೆಲಸದ ಮೇಲೆ ಹೋಗಿದ್ದನಂತೆ, ಅಷ್ಟೇ. ಆ ಫ್ಲೆಕ್ಸನ್ನು ಬಾವ ಬಿಚ್ಚಿ ಮನೆಗೆ ತಂದರು. ಆ ವರ್ಷ ಮೆಕ್ಕೆಜೋಳದ ರಾಶಿ ಮೇಲೆ ಇಬ್ಬನಿ ಬೀಳದ ಹಾಗೆ ಅದನ್ನೇ ಹೊದಿಸಿದ್ದರು, ಮುಖ ಒಳಗಡೆ ಮಾಡಿ. ರಜಕ್ಕೆ ಬಂದ ಮಂಜ ಒಂದು ತುದಿ ಎತ್ತಿ ನೋಡಿ ನಕ್ಕ. ನನಗೆ ನಗು ಬರಲಿಲ್ಲ.

ಅದಕ್ಕೇ ಹೇಳೋದು, ಪಟ್ಟಿ ನಂಬಬೇಡ, ಇನ್ನೊಬ್ಬರಿಗೆ ಕಳಿಸಲೂ ಬೇಡ. ಮಿಲಿಟರಿಯವರು ಮೊದಲು ಮನೆಯವರಿಗೆ ತಿಳಿಸ್ತಾರೆ, ಆಮೇಲೇ ಹೆಸರು ಹೊರಗೆ ಬಿಡ್ತಾರೆ. ವಾಟ್ಸಾಪಿಗೆ ಮೊದಲು ಬಂದ ಹೆಸರು ಯಾರು ಬೇಕಾದರೂ ಬರೆದದ್ದು.

ಬಾವ ಅವತ್ತಿನಿಂದ ನನ್ನ ಜೊತೆ ಮಾತು ಬಿಟ್ಟರು. ಇರಲಿ, ತಪ್ಪು ನನ್ನದೇ. ಆದರೆ ಹೋದ ವರ್ಷ ಮಂಜನ ಮದುವೆ ಕಾರ್ಡಿನಲ್ಲಿ "ಸುಖಾಗಮನ ಬಯಸುವವರು" ಅಂತ ಹದಿನಾಲ್ಕು ಹೆಸರು ಹಾಕಿಸಿದ್ದಾರೆ. ಸೋದರಮಾವ ನಾನು, ನನ್ನ ಹೆಸರಿಲ್ಲ! ಫ್ಲೆಕ್ಸ್ ಕಟ್ಟಿದ ಹುಡುಗನ ಹೆಸರಿದೆ. ನಾನು ಹೋದೆ, ಮುಯ್ಯಿ ಮಾಡಿದೆ, ಊಟ ಮಾಡದೆ ಬಂದೆ. ನಿಮ್ಮ ದೊಡ್ಡಮ್ಮ ಊಟ ಮಾಡಿದಳು, ಎರಡನೇ ಪಂಕ್ತಿಯಲ್ಲಿ. ಇದನ್ನು ಯಾರಾದರೂ ಬಾವನಿಗೆ ಹೇಳಿದರೂ ಚಿಂತೆಯಿಲ್ಲ. ಈ ಗ್ರೂಪಿನಲ್ಲಿ ಅವರಿಲ್ಲ, ಅದೂ ನನ್ನಿಂದಲೇ ಅಂತಾರೆ.

ಏನೋ ಹೇಳೋಕೆ ಹೊರಟಿದ್ದೆ. ಹಾಂ, ಫೋನು. ಶೈಲಾ, ನೀನು ಹೊಡೀತಿರೋದು ನಂದಿನಿಯ ಇಲ್ಲಿಯ ಹಳೇ ನಂಬರಿಗಾ? ಅದು ಪ್ರೀಪೇಯ್ಡ್ ಅಲ್ವಾ! ಹೊರಗಿನ ಪ್ರೀಪೇಯ್ಡ್ ಸಿಮ್ಮು ಜಮ್ಮು ಕಾಶ್ಮೀರದಲ್ಲಿ ನಡೆಯುವುದೇ ಇಲ್ಲ, ಪೋಸ್ಟ್‌ಪೇಯ್ಡ್ ಮಾತ್ರ. ಸಂಕ್ರಾಂತಿ ಮುಗಿಸಿ ಅವಳು ಹೋದ ದಿನದಿಂದ ಆ ನಂಬರು ಸತ್ತಿದೆ. ಇಷ್ಟು ದಿನ ಅಳಿಯನ ಫೋನಿಗೇ ಮಾಡ್ತಿದ್ದೆ, ಅದಕ್ಕೇ ನಿನಗೆ ಗೊತ್ತಾಗಿಲ್ಲ. ಇಂಥ ಹೊತ್ತಿನಲ್ಲಿ ಅವನು ಡ್ಯೂಟಿ ಮೇಲೆ ಇರ್ತಾನೆ, ಎತ್ತುವುದಿಲ್ಲ.

ಸ್ಟೇಷನ್ನಿಗೆ ಅವರನ್ನು ಬಿಡೋಕೆ ಬಂದವನು ನಾನೊಬ್ಬನೇ ಇದ್ದೆ. ಆಗ ಅಳಿಯ ಪಕ್ಕದ ಕ್ವಾರ್ಟರ್ಸ್‌ನ ಹವಾಲ್ದಾರರ ನಂಬರು ಬರೆಸಿದ್ದ. ಹಾವೇರಿ ಕಡೆಯವರು, ಕನ್ನಡದಲ್ಲೇ ಮಾತಾಡಬಹುದು. ಇವರಿರೋದು ಸುಂಜುವಾನ್ ಅಲ್ಲಮ್ಮ, ಬೇರೆ ಊರು. ಯಾವ ಊರು, ಯಾವ ಯುನಿಟ್ಟು ಅಂತ ಗ್ರೂಪಿನಲ್ಲಿ ಹಾಕಬೇಡಿ ಅಂತ ಅವನು ಕೈಮುಗಿದು ಹೇಳಿದ್ದ, ನಾನೂ ಹೇಳಲ್ಲ. ಇದನ್ನು ಮೊದಲೇ ಹೇಳಬೇಕಿತ್ತು, ನೋಡು. ಡೈರಿ ಗಾಡ್ರೆಜ್ ಬೀರುವಿನಲ್ಲಿದೆ. ಫೋಟೋ ಹೊಡೆದು ನಿನಗೊಬ್ಬಳಿಗೇ ಕಳಿಸ್ತೀನಿ. ತಡಿ, ಬೀರುವಿನ ಕೀ ನಿಮ್ಮ ದೊಡ್ಡಮ್ಮನ ಹತ್ರ ಇದೆ, ಅವಳು ಪಕ್ಕದ ಮನೆಗೆ ಹೋಗಿದ್ದಾಳೆ. ಐದು ನಿಮಿಷ.