11 ವರ್ಷ ಗುತ್ತಿಗೆ, ಈಗ ಅದೇ ಹುದ್ದೆಗೆ ನೇಮಕಾತಿ ಅಧಿಸೂಚನೆ: ಕೆಎಟಿಗೋ, ಹೈಕೋರ್ಟಿಗೋ?

ಲ್ಯಾಬ್‌ಕೋಟು: ಕರ್ನಾಟಕದ ಸ್ವಾಯತ್ತ ಸರ್ಕಾರಿ ವೈದ್ಯಕೀಯ ಕಾಲೇಜೊಂದರ ಗುತ್ತಿಗೆ ಲ್ಯಾಬ್ ಟೆಕ್ನೀಷಿಯನ್‌ಗಳು ಮತ್ತು ಸ್ಟಾಫ್ ನರ್ಸ್‌ಗಳ ವಿಚಾರ. 11 ವರ್ಷದ ಸೇವೆ. ಪ್ರತಿ 11 ತಿಂಗಳಿಗೊಮ್ಮೆ ಒಂದು ದಿನ ಬಿಡುಗಡೆ, ಮತ್ತೆ ಹೊಸ ಆದೇಶ. ಈಗ ಅವೇ ಹುದ್ದೆಗಳಿಗೆ ಅಧಿಸೂಚನೆ ಹೊರಟಿದೆ. ಕಾಯಂ ಕೇಳಬಹುದಾ? ಎಲ್ಲಿ? ಅದಾಗದಿದ್ದರೆ ಸಮಾನ ವೇತನವಾದರೂ ಸಿಗುತ್ತದಾ?

ಕಡತದ ಹುಳು: ಮೊದಲು ನೇಮಕಾತಿ ಆದೇಶದ ಕೆಳಗೆ ಸಹಿ ಯಾರದ್ದು ನೋಡಿ. ಮಂಡ್ಯ, ಹಾಸನ, ಶಿವಮೊಗ್ಗದಂಥ ಕಡೆ ಕಾಲೇಜು ನಡೆಸುವುದು ನೋಂದಾಯಿತ ಸೊಸೈಟಿ. ದುಡ್ಡು ಸರ್ಕಾರದ್ದೇ ಆದರೂ ಸಂಸ್ಥೆಯೇ ನೇಮಿಸಿಕೊಂಡವರು ರಾಜ್ಯದ ಸಿವಿಲ್ ಹುದ್ದೆಯಲ್ಲಿರುವವರಲ್ಲ. ಅವರಿಗೆ ಸಂವಿಧಾನದ 226ನೇ ವಿಧಿಯಡಿ ಹೈಕೋರ್ಟಿನಲ್ಲಿ ರಿಟ್ ಅರ್ಜಿ. ಇಲಾಖೆಯಿಂದ ನಿಯೋಜನೆ ಮೇಲೆ ಬಂದವರಿಗೆ ಕೆಎಟಿ (ಸರ್ಕಾರಿ ನೌಕರರ ಸೇವಾ ತಕರಾರು ಕೇಳುವ ಕರ್ನಾಟಕ ಆಡಳಿತ ನ್ಯಾಯಮಂಡಳಿ); ಅಲ್ಲಿ ಅಂತಿಮ ಆದೇಶವಾದ ದಿನದಿಂದ 1 ವರ್ಷದ ಗಡುವು. ಮನವಿ ಮೇಲೆ ಮನವಿ ಕೊಡುತ್ತ ಕೂತರೆ ಗಡುವು ಹಿಗ್ಗುವುದಿಲ್ಲ. ತೀರಾ ಸಾಮಾನ್ಯವಾದ ತಪ್ಪು ಇದೇ.

ದಾಖಲೆಗೆ ಆರ್‌ಟಿಐ ಹಾಕಿ, ಶುಲ್ಕ 10 ರೂ. ರಾಜ್ಯದ ನಿಯಮದಂತೆ ಒಂದು ಅರ್ಜಿಗೆ ಒಂದೇ ವಿಷಯ, 150 ಪದ ಮೀರಬಾರದು. ಹಾಗಾಗಿ ಹುದ್ದೆ ಮಂಜೂರಾತಿ ಆದೇಶಕ್ಕೊಂದು, ಆಯ್ಕೆ ಸಮಿತಿ ನಡವಳಿಗೊಂದು, ವೃಂದ ಮತ್ತು ನೇಮಕಾತಿ ನಿಯಮಕ್ಕೊಂದು ಅರ್ಜಿ. ಎಲ್ಲವನ್ನೂ ಒಂದೇ ಹಾಳೆಗೆ ತುಂಬಿದರೆ ಅದನ್ನೇ ನೆಪ ಮಾಡಿ ವಾಪಸ್ ಕಳಿಸುತ್ತಾರೆ.

ರಿಟ್‌ರಾಯ: ಮಂಜೂರಾದ ಹುದ್ದೆ, ಜಾಹೀರಾತು, ಸಂದರ್ಶನ ಮೂರೂ ಇದ್ದರೆ ತಾತ್ಕಾಲಿಕ ನೌಕರರನ್ನು ಕಾಯಂ ಮಾಡುವ ಬಗ್ಗೆ ಸುಪ್ರೀಂ ಕೋರ್ಟ್ ಕೊಟ್ಟ ಉಮಾದೇವಿ ತೀರ್ಪಿನ (2006) 53ನೇ ಪ್ಯಾರಾ ಸಾಕು. 10 ವರ್ಷ ದಾಟಿದೆಯಲ್ಲ.

ಕಡತದ ಹುಳು: ಸಾಲದು. ಅದು ಒಂದೇ ಬಾರಿಯ ಕ್ರಮ, 2006ರ ಏಪ್ರಿಲ್ 10ಕ್ಕೆ 10 ವರ್ಷ ಪೂರೈಸಿದವರಿಗೆ. ಕೋರ್ಟಿನ ಮಧ್ಯಂತರ ಆದೇಶದ ಆಸರೆಯಲ್ಲಿ ದುಡಿದ ಅವಧಿಯೂ ಲೆಕ್ಕಕ್ಕೆ ಬರದು ಎಂದು ಎಂ.ಎಲ್. ಕೇಸರಿ ತೀರ್ಪು (2010) ಬಿಡಿಸಿ ಹೇಳಿದೆ. ಆಮೇಲೆ ಸೇರಿದವರು ಹಿಡಿಯಬೇಕಾದದ್ದು ಸುಪ್ರೀಂ ಕೋರ್ಟಿನ 2024ರ ಡಿಸೆಂಬರ್ 20ರ ಜಗ್ಗೋ ತೀರ್ಪನ್ನು: ನಿರಂತರ ಸ್ವರೂಪದ ಕೆಲಸ ಮಾಡಿಸಿಕೊಂಡು, ಕಾಯಂ ಕೇಳಿದಾಗ ಉಮಾದೇವಿ ತೀರ್ಪನ್ನು ಅಡ್ಡ ಹಿಡಿಯುವಂತಿಲ್ಲ ಎಂಬುದು ಅದರ ತಿರುಳು. ಆ ಒಂದು ದಿನದ ಬಿಡುಗಡೆ ಕೃತಕ ಎಂದು ತೋರಿಸಲು ಹಾಜರಾತಿ ಪುಸ್ತಕ, ಡ್ಯೂಟಿ ರೋಸ್ಟರ್ ಬೇಕು. ಬಿಡುಗಡೆಯ ದಿನವೂ ವಾರ್ಡ್ ರಿಜಿಸ್ಟರಿನಲ್ಲಿ ಅವರದೇ ಸಹಿ ಇದ್ದರೆ ಅದಕ್ಕಿಂತ ಒಳ್ಳೆಯ ಸಾಕ್ಷ್ಯ ಬೇಡ.

ಎಂಟನೇ ಕಾಲಂ: ಅಧಿಸೂಚನೆ ಕಾಯಂ ನೇಮಕಾತಿಗೋ, ಮತ್ತೊಂದು ಸುತ್ತಿನ ಗುತ್ತಿಗೆಗೋ? ಗುತ್ತಿಗೆಯವರನ್ನು ತೆಗೆದು ಇನ್ನೊಬ್ಬ ಗುತ್ತಿಗೆಯವರನ್ನು ತರುವಂತಿಲ್ಲ ಎನ್ನುವ ವಾದಕ್ಕೆ ಪಿಯಾರಾ ಸಿಂಗ್ ತೀರ್ಪಿನ (1992) ಬಲವಿದೆ. ಕಾಯಂ ನೇಮಕಾತಿಯಾದರೆ ಈ ವಾದ ನಿಲ್ಲದು. ಆಗ ಇಡೀ ಪ್ರಕ್ರಿಯೆಗೆ ತಡೆ ಕೇಳಬೇಡಿ, ಸಿಗುವುದು ಕಷ್ಟ. ಅರ್ಜಿದಾರರ ಸಂಖ್ಯೆಯಷ್ಟು ಹುದ್ದೆ ಖಾಲಿ ಇಡುವಂತೆ ಕೇಳಿ. ಜೊತೆಗೆ ಹಕ್ಕು ಕಾಯ್ದಿರಿಸಿದ್ದೇವೆಂದು ಲಿಖಿತವಾಗಿ ತಿಳಿಸಿ ಅರ್ಜಿಯನ್ನೂ ಹಾಕಿ. ಸುಮ್ಮನೆ ಪರೀಕ್ಷೆ ಬರೆದು, ಫೇಲಾದ ಮೇಲೆ ಅಧಿಸೂಚನೆ ಪ್ರಶ್ನಿಸಿದರೆ ಕೋರ್ಟು ಒಪ್ಪುವುದಿಲ್ಲ.

ವೇತನಕ್ಕೆ ಜಗಜಿತ್ ಸಿಂಗ್ ತೀರ್ಪು (2016): ಕಾಯಂ ನೌಕರರಷ್ಟೇ ಕೆಲಸ, ಹೊಣೆ ಇದ್ದರೆ ಆ ವೇತನ ಶ್ರೇಣಿಯ ಕನಿಷ್ಠ ಮೊತ್ತ. ವಾರ್ಷಿಕ ವೇತನ ಬಡ್ತಿ (ಇನ್‌ಕ್ರಿಮೆಂಟ್) ಸೇರದು. ತಡವಾಗಿ ಹೋದರೆ ಬಾಕಿ ಸಾಮಾನ್ಯವಾಗಿ ಅರ್ಜಿಗೆ ಹಿಂದಿನ 3 ವರ್ಷಕ್ಕಷ್ಟೇ. ಹಾಗಾಗಿ ಕಾಯಂ ವಿಚಾರ ಇತ್ಯರ್ಥವಾಗಲಿ ಎಂದು ವೇತನದ ಕೋರಿಕೆಯನ್ನು ಮುಂದೂಡಬೇಡಿ, ಎರಡನ್ನೂ ಒಂದೇ ರಿಟ್‌ನಲ್ಲಿ ಸೇರಿಸಿ.

ಲ್ಯಾಬ್‌ಕೋಟು: ಕೆಲವರ ಸಂಬಳ ಈಗ ಏಜೆನ್ಸಿ ಮೂಲಕ ಬರುತ್ತಿದೆ. ಅವರನ್ನೂ ಇದೇ ರಿಟ್‌ಗೆ ಸೇರಿಸಬಹುದಾ?

ಎಂಟನೇ ಕಾಲಂ: ಬೇಡ. ಕಾಲೇಜು ‘ಇವರು ನಮ್ಮ ನೌಕರರೇ ಅಲ್ಲ’ ಅನ್ನುತ್ತದೆ, ಉಳಿದವರ ಕೇಸೂ ಗೋಜಲಾಗುತ್ತದೆ. ಏಜೆನ್ಸಿ ಒಪ್ಪಂದ ಬರೀ ತೋರಿಕೆಯದ್ದು ಎಂದು ಸಾಬೀತು ಮಾಡಲು ಸಾಕ್ಷಿ ವಿಚಾರಣೆ ಬೇಕು, ಅದರ ಜಾಗ ಕೈಗಾರಿಕಾ ನ್ಯಾಯಮಂಡಳಿ. ಏಜೆನ್ಸಿಗೆ ಹೋಗುವ ಮುಂಚೆ ಸಂಸ್ಥೆಯೇ ಕೊಟ್ಟ ಆದೇಶಗಳಿದ್ದರೆ ಮಾತ್ರ ಅವನ್ನು ಜೋಪಾನವಾಗಿಡಿ.