ಡಿಎಲ್‌ಎಲ್ ಫೈಲ್ ಇಲ್ಲ ಅಂತೈತಿ, ಲಗ್ನಪತ್ರಿಕೆ ಕೆಲಸ ನಿಂತೈತ್ರಿ

ಪ್ರಶ್ನೆ (ಬೆಟಗೇರಿ, ಪ್ರಿಂಟಿಂಗ್ ಪ್ರೆಸ್):
ನಮಸ್ಕಾರ್ರಿ ಸರ್. ನಿನ್ನೆ ಮುಂಜಾನಿಂದ ನಮ್ಮ ಡಿಸೈನ್ ಸಾಫ್ಟ್‌ವೇರ್ ಓಪನ್ ಆಗವಲ್ದು. ಮೊದಲು ‘ಎಂಎಸ್‌ವಿಸಿಪಿ140.ಡಿಎಲ್‌ಎಲ್ ವಾಸ್ ನಾಟ್ ಫೌಂಡ್’ ಅಂತ ಬಂತು. ಒಂದು ವಿಡಿಯೊ ನೋಡಿ, ಯಾವುದೋ ವೆಬ್‌ಸೈಟಿನಿಂದ ಆ ಫೈಲ್ ಇಳಿಸಿಕೊಂಡು ಸಿಸ್ಟಮ್32 ಫೋಲ್ಡರಿನ್ಯಾಗ ಹಾಕಿದೆ. ಈಗ ಆ ಮೆಸೇಜ್ ಹೋಗಿ 0ಎಕ್ಸ್‌ಸಿ000007ಬಿ ಅಂತ ಬ್ಯಾರೆ ಎರರ್ ಬರಾಕತ್ತೈತಿ. ವಿಂಡೋಸ್ ಫೈಲ್ ತಪಾಸ್ ಮಾಡೋ ಎಸ್‌ಎಫ್‌ಸಿ ಸ್ಕ್ಯಾನ್‌ನೌ ಕಮಾಂಡ್ ಹೊಡೆದು ನೋಡಿದೆ, ಎಲ್ಲಾ ಸರಿ ಐತಿ ಅಂತು. ಮೂರು ಲಗ್ನಪತ್ರಿಕೆ ಬಾಕಿ ಅದಾವ. ಫಾರ್ಮ್ಯಾಟ್ ಹೊಡಿಸ್ಬೇಕೇನ್ರಿ?

ಉತ್ತರ (ಹುಬ್ಬಳ್ಳಿ, ಕಂಪ್ಯೂಟರ್ ಸರ್ವಿಸ್):
ಫಾರ್ಮ್ಯಾಟ್ ಬ್ಯಾಡ್ರಿ ಅಣ್ಣಾರ, ಸ್ವಲ್ಪ ತಡೀರಿ. ಈ ವಾರದಾಗ ಏನರ ಅನ್‌ಇನ್‌ಸ್ಟಾಲ್ ಮಾಡೀರೇನು? ವಿಂಡೋಸ್ ಯಾವುದು?

ಬೆಟಗೇರಿ:
ವಿಂಡೋಸ್ 10, 64 ಬಿಟ್. ಮೊನ್ನೆ ಸಿ ಡ್ರೈವ್ ತುಂಬಿ ಕೆಂಪಗಾಗಿತ್ತು. ಕಂಟ್ರೋಲ್ ಪ್ಯಾನೆಲ್‌ನ್ಯಾಗ ವಿಷುವಲ್ ಸಿ++ ಅಂತ ಏಳೆಂಟು ಇದ್ದುವಲ್ರಿ, ಒಂದೇ ಹೆಸರಿನವು ಇಷ್ಟ್ಯಾಕ ಅಂತ ನನ್ನ ತಮ್ಮ ಅವನ್ನೆಲ್ಲಾ ತೆಗೆದಾನ.

ಉತ್ತರ:
ರೋಗ ಅಲ್ಲೇ ಐತಿ ನೋಡ್ರಿ. ನಿಮ್ಮ ಕಸುಬಿನ ಮಾತಿನ್ಯಾಗ ಹೇಳ್ತೀನಿ. ಮೊಳೆ ಜೋಡಿಸಿ ಅಚ್ಚು ಹಾಕುವ ಕಾಲದಾಗ ಲಗ್ನಪತ್ರಿಕೆಗೊಂದು, ಪಾವತಿ ಪುಸ್ತಕಕ್ಕೊಂದು ಅಂತ ಬ್ಯಾರೆ ಬ್ಯಾರೆ ಮೊಳೆ ಇಡ್ತಿರಲಿಲ್ಲ. ಎಲ್ಲಾ ಕೆಲಸಕ್ಕೂ ಅದೇ ಖಾನೆಯಿಂದ ತಗೊಂಡು, ಮುಗಿದ ಮ್ಯಾಲೆ ಅಲ್ಲೇ ಹಾಕ್ತಿದ್ರು. ಡಿಎಲ್‌ಎಲ್ ಅಂದ್ರೂ ಹಂಗ, ಹತ್ತು ಸಾಫ್ಟ್‌ವೇರ್‌ಗೆ ಬೇಕಾಗುವ ಕೆಲಸ ಬರೆದಿಟ್ಟ ಫೈಲು. ಮೊಳೆ ಒಂದು ಸಲಕ್ಕೆ ಒಂದೇ ಪುಟಕ್ಕೆ ಸಿಗ್ತಿತ್ತು, ಇದು ಎಲ್ಲಾರಿಗೂ ಒಮ್ಮೆಲೇ ಸಿಗ್ತೈತಿ, ಅಷ್ಟ ಫರಕು. ವಿಷುವಲ್ ಸಿ++ ಅಂತಿದ್ದುವಲ್ಲ, ಅವ ಇಂಥ ಡಿಎಲ್‌ಎಲ್ ಇರೋ ಖಾನೆ; ನಿಮ್ಮ ತಮ್ಮ ಆ ಖಾನೇನ ಎತ್ತಿ ಹೊರಗಿಟ್ಟಾನ.

ಫೈಲ್ ಹೆಸರಿನ ಅಂಕಿ ಓದಾಕ ಕಲೀರಿ. 140 ಅಂದ್ರ ವಿಷುವಲ್ ಸಿ++ 2015 ಮತ್ತು ಅದರ ನಂತರದ್ದು, 120 ಅಂದ್ರ 2013, 100 ಅಂದ್ರ 2010. ಒಂದರ ಬದಲು ಇನ್ನೊಂದು ನಡಿಯಂಗಿಲ್ಲ. ಅದಕ್ಕ ಅವು ಏಳೆಂಟು ಇದ್ದದ್ದು.

ಇನ್ನು ಆ 7ಬಿ ಎರರ್. ನಿಮ್ಮ ಸಾಫ್ಟ್‌ವೇರ್ 64 ಬಿಟ್‌ನದ್ದು, ನೀವು ತಂದು ಹಾಕಿದ ಫೈಲ್ 32 ಬಿಟ್‌ನದ್ದು ಇದ್ದಂಗ ಕಾಣ್ತೈತಿ. 12 ಪಾಯಿಂಟ್ ಸಾಲಿನ್ಯಾಗ 24 ಪಾಯಿಂಟ್ ಮೊಳೆ ತುರುಕಿದಂಗ ಆಗೇತಿ. ಹೆಸರು ನೋಡಿದ್ರ ದಾರಿ ತಪ್ಪತೈತಿ: 64 ಬಿಟ್ ವಿಂಡೋಸಿನ್ಯಾಗ ಸಿಸ್ಟಮ್32 ಒಳಗ ಇರೋದು 64 ಬಿಟ್ ಫೈಲು, 32 ಬಿಟ್‌ನವು ಸಿಸ್‌ವಾವ್64 ಫೋಲ್ಡರಿನ್ಯಾಗ ಇರ್ತಾವ.

ಹಿಂಗ ಮಾಡ್ರಿ. ಸಿಸ್ಟಮ್32ಗೆ ನೀವು ಹಾಕಿದ ಆ ಒಂದೇ ಫೈಲ್ ಡಿಲೀಟ್ ಮಾಡ್ರಿ, ಅಲ್ಲಿ ಬ್ಯಾರೆ ಯಾವುದಕ್ಕೂ ಕೈ ಹಚ್ಚಬ್ಯಾಡ್ರಿ. ಆಮೇಲೆ ಮೈಕ್ರೋಸಾಫ್ಟ್‌ನ ಸ್ವಂತ ವೆಬ್‌ಸೈಟಿನಿಂದ ವಿಷುವಲ್ ಸಿ++ ರೀಡಿಸ್ಟ್ರಿಬ್ಯೂಟಬಲ್ (ಆ ಡಿಎಲ್‌ಎಲ್‌ಗಳನ್ನ ಹಾಕೋ ಪ್ಯಾಕೇಜ್), 2015 ಮತ್ತು ಅದರ ನಂತರದ್ದು ಇಳಿಸ್ರಿ. ಎಕ್ಸ್86 (32 ಬಿಟ್‌ನದ್ದು), ಎಕ್ಸ್64 (64 ಬಿಟ್‌ನದ್ದು) ಎರಡೂ ಹಾಕ್ರಿ, 64 ಬಿಟ್ ಮಷಿನಿಗೂ ಎರಡೂ ಬೇಕು. ರೀಸ್ಟಾರ್ಟ್ ಮಾಡಿ ನೋಡ್ರಿ. ಎಸ್‌ಎಫ್‌ಸಿ ಸುಮ್ಮನಿದ್ದದ್ದು ಯಾಕಂದ್ರ ಅದು ವಿಂಡೋಸಿನ ಸ್ವಂತ ಫೈಲ್ ಅಷ್ಟ ನೋಡ್ತೈತಿ, ಇದು ಹೊರಗಿನಿಂದ ಬಂದ ಸಾಮಾನು.

ಗುರುತಿಲ್ಲದ ಕಡೆಯಿಂದ ಬಿಡಿ ಡಿಎಲ್‌ಎಲ್ ತರಬ್ಯಾಡ್ರಿ. ಆ ಹೆಸರಿನ್ಯಾಗ ವೈರಸ್ ಹಾಕಿ ಕೊಟ್ರೂ ನಿಮಗ ಗೊತ್ತಾಗಂಗಿಲ್ಲ, ಗಿರಾಕಿಗಳ ಫೈಲೆಲ್ಲಾ ಅದೇ ಮಷಿನಿನ್ಯಾಗ ಅದಾವ. ಇವತ್ತ ರಾತ್ರಿ ಒಂದು ಫುಲ್ ಸ್ಕ್ಯಾನ್ ಹಚ್ಚಿಡ್ರಿ.

ಹಾವೇರಿಯಿಂದ ಒಬ್ಬರು:
ಸರ್, ನಮ್ಮ ಸೇವಾ ಕೇಂದ್ರದಾಗ ಹಳೇ ವಿಂಡೋಸ್ 7 ಐತಿ. ‘ಎಪಿಐ-ಎಂಎಸ್-ವಿನ್-ಸಿಆರ್‌ಟಿ-ರನ್‌ಟೈಮ್’ ಅಂತ ಶುರುವಾಗೋ ಫೈಲ್ ಇಲ್ಲ ಅಂತ ಬರ್ತೈತಿ.

ಉತ್ತರ:
ಸರ್ವಿಸ್ ಪ್ಯಾಕ್ 1 ಐತೋ ನೋಡ್ಕೊಂಡು, ಆ ಫೈಲ್ ಹಾಕಿಕೊಡೋ ಮೈಕ್ರೋಸಾಫ್ಟ್‌ನ ಕೆಬಿ2999226 ಅಪ್‌ಡೇಟ್ ಹಾಕ್ರಿ. ಆದ್ರ ವಿಂಡೋಸ್ 7ಕ್ಕ ಮೈಕ್ರೋಸಾಫ್ಟ್ ಬೆಂಬಲ 2020ರ ಜನವರಿಗೇ ನಿಂತೈತಿ. ಜನರ ಆಧಾರ್, ಪಹಣಿ ಕೆಲಸ ಅದರಾಗ ಮಾಡಬ್ಯಾಡ್ರಿ ತಮ್ಮಾ, ಕಳಕಳಿಯಿಂದ ಹೇಳಾಕತ್ತೀನಿ.

ಬೆಟಗೇರಿ:
ಸರ್, ಓಪನ್ ಆತ್ರಿ! ಹಳೇ ಬಿಲ್ಲಿಂಗ್ ಸಾಫ್ಟ್‌ವೇರ್ ಮಾತ್ರ ಈಗ ಎಂಎಸ್‌ವಿಸಿಆರ್100 ಕೇಳಾಕತ್ತಿತ್ತು. ನೀವು ಹೇಳಿದ ಅಂಕಿ ನೋಡಿ 2010ರದ್ದು ನಾನ ಹಾಕಿದೆ, ಅದೂ ನಡೀತು. ಮೊದಲನೇ ಪತ್ರಿಕೆ ಪ್ರೂಫ್ ತೆಗೆಯಾಕತ್ತೀವಿ.