ಅರ್ಥ ಆಗದಿದ್ದರೂ ಹರಿಯಾಣವಿ ರ್‍ಯಾಪ್ ಯಾಕೆ ಇಷ್ಟ ಆಗುತ್ತೆ?

ಗೋಣಿಕೊಪ್ಪದ ಅಕ್ಕ:
ನನ್ನ ತಂಗಿ ಮಗ ಪೊನ್ನಂಪೇಟೆಯಲ್ಲಿ ಪಿಯುಸಿ ಓದ್ತಿದ್ದಾನೆ. ಹಿಂದಿಯೇ ಅವನಿಗೆ ಅಷ್ಟಕ್ಕಷ್ಟೆ, ಆದರೂ ಹರಿಯಾಣದ ರ್‍ಯಾಪ್ ಗಾಯಕ ಎಂಸಿ ಸ್ಕ್ವೇರ್‌ನ ‘ರಾಮ್ ರಾಮ್’ ಪೂರ್ತಿ ಬಾಯಿಪಾಠ. ಹಾಕಿ ಪ್ರಾಕ್ಟೀಸಿಗೆ ಹೋಗುವಾಗ, ಬರುವಾಗ ಅದೇ. ಕೇಳಿ ಕೇಳಿ ಈಗ ನನಗೂ ಹಿಡಿಸಿದೆ. ನಮಗೂ ಆ ಊರಿಗೂ ಸಂಬಂಧವೇ ಇಲ್ಲ, ಏನಿದೆ ಆ ಹಾಡಲ್ಲಿ?

ನಿವೃತ್ತ ಹವಾಲ್ದಾರ್, ವಿರಾಜಪೇಟೆ:
ಸಂಬಂಧ ಇಲ್ಲ ಅನ್ನಬೇಡಿ ಅಕ್ಕ. 2022ರಲ್ಲಿ ಎಂಟಿವಿಯ ಹಸಲ್ ಎಂಬ ರ್‍ಯಾಪ್ ಸ್ಪರ್ಧೆ ಗೆದ್ದ ಹುಡುಗ ಆ ಎಂಸಿ ಸ್ಕ್ವೇರ್. ರಾಮ್ ರಾಮ್ ಅನ್ನೋದು ಅಲ್ಲಿ ಎದುರು ಸಿಕ್ಕವರಿಗೆಲ್ಲ ಹೇಳುವ ನಮಸ್ಕಾರ. ಪಲ್ಟನ್‌ನಲ್ಲಿ ಹರಿಯಾಣದ ರೋಹ್ತಕ್, ಸೋನಿಪತ್ ಕಡೆಯವರ ಜೊತೆ ವರ್ಷಗಟ್ಟಲೆ ಇದ್ದೆ. ಬಡಾಖಾನಾ, ಅಂದರೆ ಪಲ್ಟನ್ನಿನವರೆಲ್ಲ ಒಟ್ಟಿಗೆ ಉಣ್ಣುವ ಔತಣದ ದಿನ ಒಬ್ಬ ಮಡಕೆ ಬಾಯಿಗೆ ಟ್ಯೂಬಿನ ರಬ್ಬರು ಬಿಗಿದು ತಾಳ ಹಾಕೋನು, ಇನ್ನೊಬ್ಬ ಕಿವಿಗೆ ಕೈ ಕೊಟ್ಟು ರಾಗಿನಿ ಎತ್ತೋನು. ಅದು ಅವರ ಸಾಂಗ್ ಎಂಬ ಬಯಲಾಟದ ಹಾಡು. ಮೈಕಿಲ್ಲದ ಕಾಲದಲ್ಲಿ ಊರಿಗೆಲ್ಲ ಕೇಳಬೇಕಿತ್ತು, ಅದಕ್ಕೇ ಗಂಟಲು ಬಿಚ್ಚಿ ಹಾಡುವ ವರಸೆ. 1945ರಲ್ಲಿ ತೀರಿಕೊಂಡ ಪಂಡಿತ್ ಲಖ್ಮೀಚಂದ್ ಕಟ್ಟಿದ ರಾಗಿನಿಗಳನ್ನು ಈಗಲೂ ಹಾಡ್ತಾರೆ. ಇಬ್ಬರು ಗಾಯಕರು ಒಬ್ಬರಿಗೊಬ್ಬರು ಜವಾಬು ಕೊಡುವ ಪೈಪೋಟಿಯೂ ಉಂಟು. ಹಾಗಾಗಿ ರ್‍ಯಾಪ್ ಹೊರಗಿನಿಂದ ಬಂದರೂ ಅವರ ಬಾಯಿಗೆ ಹೊಸದಲ್ಲ. ಒರಟು ಅಂತ ಬೇರೆಯವರು ನಗುತ್ತಿದ್ದ ಮನೆಮಾತನ್ನೇ ಸಂಕೋಚ ಇಲ್ಲದೆ ಹಾಡಿಗೆ ತಂದಿದ್ದಾರೆ. ಆ ಧೈರ್ಯ ನಿಮ್ಮ ಹುಡುಗನಿಗೆ ತಟ್ಟಿದೆ, ಅದಕ್ಕೆ ಅರ್ಥ ಗೊತ್ತಿರಬೇಕಿಲ್ಲ.

ಮಡಿಕೇರಿ ಟೀಚರ್:
ಒಪ್ಪಿದೆ ಅಣ್ಣ. ಆದರೆ ಎಲ್ಲ ಹಾಡೂ ಹಾಗಿಲ್ಲ. ಬಂದೂಕು, ಗೂಂಡಾಗಿರಿ ಮೆರೆಸುವಂಥವೂ ಇವೆ. 2025ರಲ್ಲಿ ಅಲ್ಲಿನ ಸರ್ಕಾರವೇ ಕೆಲವನ್ನು ಯೂಟ್ಯೂಬಿನಿಂದ ತೆಗೆಸಿತು. ನಾವೂ ಕೊಡಗಿನ ಆಯುಧಪೂಜೆಯ ಹಬ್ಬ ಕೈಲ್‌ಪೊಳ್ದ್‌ಗೆ ಕೋವಿಗೆ ತೋಕ್‌ಪೂ ಹೂ ಇಟ್ಟು ಕೈ ಮುಗಿಯುತ್ತೇವೆ, ಆದರೆ ಯಾರನ್ನೂ ಹೆದರಿಸಲಿಕ್ಕಲ್ಲ. ಅಕ್ಕ, ಹುಡುಗನ ಜೊತೆ ಕೂತು ಈ ಮಾತಾಡಿ.

ಗೋಣಿಕೊಪ್ಪದ ಅಕ್ಕ:
ಖಂಡಿತ ಮಾತಾಡ್ತೇನೆ. ಅವನೀಗ ನಮ್ಮ ಭಾಷೆ ಕೊಡವ ತಕ್ಕ್‌ನಲ್ಲೇ ರ್‍ಯಾಪ್ ಬರೀತಿದ್ದಾನೆ. ಬೀಟ್ ಮಾತ್ರ ಅಲ್ಲಿಂದ ಎತ್ತಿದ್ದು.

ನಿವೃತ್ತ ಹವಾಲ್ದಾರ್, ವಿರಾಜಪೇಟೆ:
ಬರೆಯಲಿ, ಬಹಳ ಸಂತೋಷ! ಬೀಟ್ ಎತ್ತುವುದು ಬೇಡ. ದುಡಿಕೊಟ್ಟ್ ಪಾಟ್ ಎಂಬ ನಮ್ಮ ಕೊಡವ ಜನಪದ ಹಾಡು ಕೇಳಿಸಿ. ನಾಲ್ವರು ದುಡಿ ಎಂಬ ಪುಟ್ಟ ಚರ್ಮವಾದ್ಯ ಹಿಡಿದು, ಇಬ್ಬರು ಹೇಳಿದ ಮೇಲೆ ಇನ್ನಿಬ್ಬರು ಎತ್ತಿಕೊಳ್ಳುವ ಆ ನಡೆಯಲ್ಲೇ ಬೇಕಾದಷ್ಟು ತಾಳ ಇದೆ. ಸಾಲುಗಳಿಗೆ ನಡಿಕೇರಿಯಂಡ ಚಿಣ್ಣಪ್ಪನವರ 1924ರ ‘ಪಟ್ಟೋಲೆ ಪಳಮೆ’ ಎಂಬ ಕೊಡವ ಜನಪದ ಹಾಡುಗಳ ಸಂಗ್ರಹ ಓದಲಿ, ಕನ್ನಡ ಲಿಪಿಯಲ್ಲೇ ಇದೆ. ಸುಗ್ಗಿಹಬ್ಬ ಪುತ್ತರಿಗೆ ಊರವರು ಸೇರುವ ಬಯಲಾದ ಮಂದ್‌ನಲ್ಲಿ ಹಾಡುವವರ ಪಕ್ಕ ನಿಲ್ಲಿಸಿ. ಬರೆದದ್ದನ್ನು ಇಲ್ಲಿ ಹಾಕಲು ಹೇಳಿ, ನಾನು ಕೇಳ್ತೇನೆ.